ಎಲೆಯ ಬುಡದ ದಿಂಬು: ‘ಪಲ್ವಿನೇಟ್’ ಎಂಬ ಪದದ ಪಾಠ

ಕೃಷಿ ಮತ್ತು ಆರೋಗ್ಯಕ್ಕೆ ಮೀಸಲಾದ ಈ ಪುಟದಲ್ಲಿ ಇಂಗ್ಲಿಷ್ ಪಾಠವೇಕೆ ಎಂದು ಕೆಲವರು ಕೇಳಬಹುದು. ಕಾರಣವಿದೆ. ಆದೋನಿ, ಆಲೂರು, ಕೌತಾಳಂ, ಹೊಳಗುಂದಿ ಕಡೆಯ ನಮ್ಮ ಮಕ್ಕಳು ಮನೆಯಲ್ಲಿ ಕನ್ನಡ, ಸಂತೆಯಲ್ಲಿ ತೆಲುಗು ಆಡುತ್ತಾರೆ. ಇಂಟರ್‌ಮೀಡಿಯೇಟಿಗೆ ಹೋಗಿ ಬೈಪಿಸಿ ತೆಗೆದುಕೊಂಡರೆ ಎಲ್ಲವನ್ನೂ ಇಂಗ್ಲಿಷಿನಲ್ಲಿ ಓದಬೇಕಾಗುತ್ತದೆ. ಅಲ್ಲಿ ಸಸ್ಯಶಾಸ್ತ್ರದ ಎಲೆಯ ಪಾಠದಲ್ಲಿ ‘ಪಲ್ವಿನೇಟ್ ಲೀಫ್ ಬೇಸ್’ ಎಂಬ ಮಾತು ಬರುತ್ತದೆ. ಮಕ್ಕಳು ಅದನ್ನು ಬಾಯಿಪಾಠ ಮಾಡಿ ಪರೀಕ್ಷೆಯಲ್ಲಿ ಬರೆದು ಮರೆತುಬಿಡುತ್ತಾರೆ. ಆ ಪದ ಹೇಳುವ ವಸ್ತುವೋ ಅವರ ಅಪ್ಪನ ಹೊಲದಲ್ಲಿ, ಶೇಂಗಾ ಗಿಡದ ಪ್ರತಿ ಎಲೆಯ ಬುಡದಲ್ಲಿಯೂ ಇದೆ. ತಾತನಿಗೆ ಅದರ ಕೆಲಸ ಚೆನ್ನಾಗಿ ಗೊತ್ತು, ಹೆಸರು ಮಾತ್ರ ಗೊತ್ತಿಲ್ಲ. ಮೊಮ್ಮಗನಿಗೆ ಹೆಸರು ಗೊತ್ತು, ಗಿಡದ ಹತ್ತಿರ ಕುಳಿತು ನೋಡಿಲ್ಲ. ಈ ಇಬ್ಬರನ್ನೂ ಒಂದು ಸಂಜೆ ಹೊಲದ ಬದುವಿನ ಮೇಲೆ ಕೂರಿಸಬೇಕೆಂಬುದೇ ಈ ಪಾಠದ ಉದ್ದೇಶ.

ಮೊದಲು ಪದ. ‘ಪಲ್ವಿನೇಟ್’ ಎಂದು ಮೊದಲ ಅಕ್ಷರವನ್ನು ಒತ್ತಿ ಉಚ್ಚರಿಸಬೇಕು. ಇದು ಗುಣವಾಚಕ. ದಿಂಬಿನಂತಿರುವ, ಮೆತ್ತೆಯ ಆಕಾರದ, ದಿಂಬಿನಂತೆ ಉಬ್ಬಿದ ಎಂದು ಅರ್ಥ. ‘ಪಲ್ವಿನೇಟೆಡ್’ ಎಂಬ ಇನ್ನೊಂದು ರೂಪವೂ ಉಂಟು. ಅದನ್ನು ಹೆಚ್ಚಾಗಿ ಕಟ್ಟಡದ ಶಿಲ್ಪಿಗಳು ಬಳಸುತ್ತಾರೆ. ನಾಮಪದ ‘ಪಲ್ವೈನಸ್’, ಬಹುವಚನ ‘ಪಲ್ವೈನೈ’. ಇವೆಲ್ಲ ದಿಂಬು ಎಂಬ ಅರ್ಥದ ‘ಪುಲ್ವಿನುಸ್’ ಎಂಬ ಲತೀನ್ ಪದದಿಂದ ಬಂದವು. ಮೆಣಸಿನಕಾಯಿ, ಸೀಗೆಕಾಯಿ ಪುಡಿ ಮಾಡುವ ‘ಪಲ್ವರೈಸರ್’ ಯಂತ್ರದ ಹೆಸರಿಗೂ ಇದಕ್ಕೂ ಸಂಬಂಧ ಕಲ್ಪಿಸಬಾರದು. ಆ ಹೆಸರು ಧೂಳು ಎಂಬ ಅರ್ಥದ ‘ಪುಲ್ವಿಸ್’ ಎಂಬ ಬೇರೆ ಪದದಿಂದ ಬಂದಿದೆ. ವಿದ್ಯಾರ್ಥಿಗಳು ಇವೆರಡನ್ನೂ ಬೆರೆಸುವುದುಂಟು.

ನಮ್ಮ ಕನ್ನಡದಲ್ಲಿ ಮೆತ್ತೆ, ದಿಂಬು, ಒರಗುದಿಂಬು ಎಂದು ಬೇಕಾದಷ್ಟು ಪದಗಳಿವೆ. ತೆಲುಗಿನವರು ಮೆತ್ತ, ದಿಂಡು ಎನ್ನುತ್ತಾರೆ. ಗಡಿ ಎಲ್ಲಿ ಬಿದ್ದರೂ ತಲೆಯ ಕೆಳಗಿನ ದಿಂಬು ಒಂದೇ ಆಗಿ ಉಳಿಯಿತು ನೋಡಿ! 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯವಾದಾಗ ಆದೋನಿ, ಆಲೂರು ತಾಲೂಕುಗಳು ಬಳ್ಳಾರಿ ಜಿಲ್ಲೆಯನ್ನು ಬಿಟ್ಟು ಈ ಕಡೆ ಬಂದವು. ಮಾತು ಮಾತ್ರ ಎರಡೂ ಕಡೆಯದು.

‘ಮೆತ್ತನೆಯ’ ಎಂಬುದಕ್ಕೂ ‘ಪಲ್ವಿನೇಟ್’ ಎಂಬುದಕ್ಕೂ ವ್ಯತ್ಯಾಸವಿದೆ, ಇದನ್ನು ಗಮನದಲ್ಲಿಡಬೇಕು. ಮೆತ್ತನೆಯದು ಎಂದರೆ ಒತ್ತಿದರೆ ಕುಗ್ಗುವುದು. ಪಲ್ವಿನೇಟ್ ಎಂದರೆ ನಡುವೆ ಉಬ್ಬಿ, ಅಂಚಿನ ಕಡೆಗೆ ದುಂಡಗೆ ಇಳಿಯುವುದು. ಇದು ಆಕಾರವನ್ನು ಹೇಳುವ ಪದ. ಆದುದರಿಂದ ಕಲ್ಲು ಕೂಡ ಪಲ್ವಿನೇಟ್ ಆಗಬಹುದು. ಯುರೋಪಿನ ಹಳೆಯ ದೇವಾಲಯಗಳಲ್ಲಿ ಕಂಬಗಳ ಮೇಲಿನ ಅಡ್ಡ ಪಟ್ಟಿಯನ್ನು ಕೆಲವೆಡೆ ಒರಗುದಿಂಬಿನಂತೆ ಹೊರಕ್ಕೆ ಉಬ್ಬಿಸಿ ಕೆತ್ತಿರುತ್ತಾರೆ. ಅದನ್ನು ಪಲ್ವಿನೇಟೆಡ್ ಎನ್ನುತ್ತಾರೆ. ಮುಟ್ಟಿದರೆ ಗಟ್ಟಿ ಕಲ್ಲು. ಜೋಳ ತುಂಬಿ ಬಾಯಿ ಹೊಲಿದು ಮಲಗಿಸಿದ ಗೋಣಿಚೀಲವನ್ನು ಹಾಗೆ ಕರೆದರೆ ತಪ್ಪಾಗದು. ಮಡಚಿಟ್ಟ ಕೌದಿ ಎಷ್ಟೇ ಮೆತ್ತಗಿದ್ದರೂ ಅದಕ್ಕೆ ಈ ಪದ ಒಪ್ಪುವುದಿಲ್ಲ.

ರೈತರಿಗೆ ಸಂತೋಷವಾಗುವ ಇನ್ನೊಂದು ಸಂಗತಿ. ಪ್ರಾಚೀನ ರೋಮಿನಲ್ಲಿ ವ್ಯವಸಾಯದ ಬಗ್ಗೆ ಬರೆದ ವಾರೋ, ಕೊಲುಮೆಲ್ಲಾ ಮೊದಲಾದವರು ಈ ‘ಪುಲ್ವಿನುಸ್’ ಪದವನ್ನು ತೋಟದ ಏರುಮಡಿಗೂ ಬಳಸಿದ್ದಾರೆ. ಮಣ್ಣನ್ನು ದಿಂಬಿನಂತೆ ಎತ್ತರಿಸಿದ್ದರಿಂದ ಆ ಹೆಸರು. ನಮ್ಮವರು ಈರುಳ್ಳಿ, ಮೆಣಸಿನಕಾಯಿ ಸಸಿಗೆ ಮಾಡುವ ಮಡಿ ಅದೇ ತಾನೆ? ಆದರೆ ಎಷ್ಟೋ ಕಡೆ ಸಸಿಮಡಿಯನ್ನು ನೆಲಮಟ್ಟದಲ್ಲಿಯೇ, ಕೆಲವೊಮ್ಮೆ ತಗ್ಗಿನಲ್ಲಿಯೇ ಮಾಡಿಬಿಡುತ್ತಾರೆ. ಮಳೆ ಒಂದೇ ಸಮನೆ ಎರಡು ದಿನ ಹಿಡಿದರೆ ಕಪ್ಪುಮಣ್ಣಿನಲ್ಲಿ ನೀರು ನಿಂತು, ಸಸಿಯ ಬುಡ ಕೊಳೆತು, ಮಡಿಯಲ್ಲಿ ಅಲ್ಲಲ್ಲಿ ಗುಂಪುಗುಂಪಾಗಿ ಸಸಿಗಳು ಒರಗಿ ಸಾಯುತ್ತವೆ. ಒಂದು ಮೀಟರ್ ಅಗಲ, ಸುಮಾರು 15 ಸೆಂಟಿಮೀಟರ್ ಎತ್ತರದ ಮಡಿ ಮಾಡಿ, ನಡುವೆ ತುಸು ಉಬ್ಬಿಸಿ, ಸುತ್ತ ಕಾಲುವೆ ಬಿಡಿ. ನೀರು ತಾನಾಗಿ ಇಳಿದುಹೋಗುತ್ತದೆ. ಬೀಜವನ್ನು ಒತ್ತಾಗಿ ಚೆಲ್ಲದೆ ಸಾಲಿನಲ್ಲಿ ತೆಳುವಾಗಿ ಬಿಡಿ. ಇದು ಪದದ ನಿಜವಾದ ಅರ್ಥದಲ್ಲಿ ಪಲ್ವಿನೇಟ್ ಮಡಿ.

ಎಲೆಯ ಬುಡದಲ್ಲಿ ಏನಿದೆ?

ಶೇಂಗಾ ಎಲೆಗೆ ನಾಲ್ಕು ಚಿಕ್ಕ ಎಲೆಗಳು, ಎರಡು ಜೋಡಿ. ಒಂದು ಎಲೆಯನ್ನು ಕಿತ್ತು ಪ್ರತಿ ಚಿಕ್ಕ ಎಲೆ ತೊಟ್ಟಿಗೆ ಸೇರುವ ಜಾಗವನ್ನು ನೋಡಿ. ಅಲ್ಲಿ ತೊಟ್ಟು ಸ್ವಲ್ಪ ದಪ್ಪಗಾಗಿದೆ, ಬಣ್ಣವೂ ತುಸು ಬೇರೆ. ದೊಡ್ಡ ತೊಟ್ಟು ಕಾಂಡಕ್ಕೆ ಸೇರುವ ಕಡೆಯೂ ಹಾಗೆಯೇ ಒಂದು ಉಬ್ಬಿದೆ. ಈ ಉಬ್ಬುಗಳೇ ಪಲ್ವೈನಸ್‌ಗಳು, ಎಲೆಯ ದಿಂಬುಗಳು. ತೊಗರಿಯಲ್ಲಿ, ಹುಣಿಸೆಯಲ್ಲಿ, ಮುಟ್ಟಿದರೆ ಮುನಿಯಲ್ಲಿ, ದ್ವಿದಳ ಧಾನ್ಯದ ಜಾತಿಯ ಬಹುತೇಕ ಗಿಡಗಳಲ್ಲಿ ಇವು ಇವೆ. ‘ಪಲ್ವಿನೇಟ್ ಲೀಫ್ ಬೇಸ್’ ಎಂದರೆ ಇಂಥ ದಿಂಬುಳ್ಳ ಎಲೆಯ ಬುಡ. ಇಲ್ಲಿ ಪದಕ್ಕೆ ಎರಡನೆಯ ಅರ್ಥ ಸೇರಿತು ನೋಡಿ: ದಿಂಬಿನಂತಿರುವ ಎಂಬುದು ಮೊದಲಿನದು, ದಿಂಬನ್ನು ಹೊಂದಿರುವ ಎಂಬುದು ಎರಡನೆಯದು. ಸಸ್ಯಶಾಸ್ತ್ರದಲ್ಲಿ ಎರಡೂ ಅರ್ಥ ಚಾಲ್ತಿಯಲ್ಲಿವೆ.

ದಿಂಬೆಂದರೆ ಮಲಗುವುದಕ್ಕೆ. ಎಲೆಗೂ ಹಾಗೆಯೇ! ಸಂಜೆ ದೀಪ ಹಚ್ಚುವ ಹೊತ್ತಿಗೆ ಶೇಂಗಾದ ಚಿಕ್ಕ ಎಲೆಗಳು ಕೈಮುಗಿದಂತೆ ಮೇಲಕ್ಕೆ ಮಡಚಿಕೊಳ್ಳುತ್ತವೆ. ಹುಣಿಸೆಮರದ ಎಲೆಗಳೂ ಮುಚ್ಚುತ್ತವೆ. ಬೆಳಗಾದರೆ ಮತ್ತೆ ಬಿಚ್ಚುತ್ತವೆ. ಇದನ್ನು ಮಾಡಿಸುವುದು ಆ ದಿಂಬು. ಅದರ ಒಳಗೆ ನಡುವೆ ನೀರು ಹರಿಯುವ ನಾಳಗಳು ಹಗ್ಗದಂತೆ ಒಟ್ಟಾಗಿ ಹೋಗುತ್ತವೆ. ಸುತ್ತಲೂ ತೆಳುಗೋಡೆಯ ಜೀವಕೋಶಗಳಿವೆ. ಮೇಲಿನ ಬದಿಯ ಕೋಶಗಳಿಗೆ ನೀರು ತುಂಬಿ ಕೆಳಗಿನ ಬದಿಯವು ಸಡಿಲವಾದರೆ ಎಲೆ ಒಂದು ಕಡೆ ವಾಲುತ್ತದೆ; ಅದು ತಿರುವುಮುರುವಾದರೆ ಇನ್ನೊಂದು ಕಡೆ. ಒಂದು ಕೋಲಿನ ಎರಡು ಬದಿಗೆ ಎರಡು ಸೈಕಲ್ ಟ್ಯೂಬು ಕಟ್ಟಿ, ಒಂದಕ್ಕೆ ಗಾಳಿ ಹೊಡೆದು ಇನ್ನೊಂದರಿಂದ ಬಿಟ್ಟಂತೆ. ಇಲ್ಲಿ ಗಾಳಿಯ ಬದಲು ನೀರು. ಆ ನೀರನ್ನು ಎಳೆಯುವುದು ಉಪ್ಪಿನಂಶ, ಮುಖ್ಯವಾಗಿ ಪೊಟ್ಯಾಸಿಯಂ. ನೀವು ಅಂಗಡಿಯಿಂದ ತರುವ ಪೊಟ್ಯಾಷ್ ಗೊಬ್ಬರದಲ್ಲಿರುವ ಅದೇ ಪೊಟ್ಯಾಸಿಯಂ. ಅದು ಯಾವ ಬದಿಯ ಕೋಶಕ್ಕೆ ಹೋದರೆ ನೀರು ಅದರ ಹಿಂದೆ ಹೋಗುತ್ತದೆ.

1729ರಲ್ಲಿ ಫ್ರಾನ್ಸಿನ ವಿಜ್ಞಾನಿ ದ ಮೇರಾನ್ ಮುಟ್ಟಿದರೆ ಮುನಿಯಂಥ ಒಂದು ಗಿಡವನ್ನು ಕತ್ತಲೆಯಲ್ಲಿಟ್ಟು ನೋಡಿದನು. ಬಿಸಿಲು ಕಾಣದಿದ್ದರೂ ಅದು ಹಗಲಿನ ಹೊತ್ತಿಗೆ ಎಲೆ ಬಿಚ್ಚಿತು, ರಾತ್ರಿಯ ಹೊತ್ತಿಗೆ ಮುಚ್ಚಿತು. ಗಿಡದೊಳಗೆ ಒಂದು ಗಡಿಯಾರವಿದೆಯೆಂಬ ತಿಳಿವಳಿಕೆಗೆ ಅದೇ ಮೊದಲ ಹೆಜ್ಜೆ. ನಮ್ಮ ದೇಶದ ಜಗದೀಶಚಂದ್ರ ಬೋಸರು ಈ ದಿಂಬುಗಳ ಚಲನೆಯನ್ನೇ ವರ್ಷಗಟ್ಟಲೆ ಅಳೆದವರು. ಗಿಡಗಳ ಚಲನೆಯ ಯಂತ್ರವನ್ನು ಕುರಿತ ಅವರ ಗ್ರಂಥ 1928ರಲ್ಲಿ ಪ್ರಕಟವಾಯಿತು. ಮಕ್ಕಳು ದ ಮೇರಾನನ ಪ್ರಯೋಗವನ್ನು ಮನೆಯಲ್ಲಿಯೇ ಮಾಡಬಹುದು. ಕುಂಡದಲ್ಲಿ ನಾಲ್ಕು ಶೇಂಗಾ ಬೀಜ ಹಾಕಿ, ಗಿಡ ಗೇಣುದ್ದವಾದ ಮೇಲೆ ಒಂದು ದಿನ ಪೆಟ್ಟಿಗೆ ಮುಚ್ಚಿ ನೋಡಲಿ. ಬಾಯಿಪಾಠಕ್ಕಿಂತ ಇದು ಮೇಲು.

ಮಧ್ಯಾಹ್ನದ ಮಡಿಕೆ, ಮುಂಜಾನೆಯ ಮಡಿಕೆ

ಈಗ ಹೊಲಕ್ಕೆ ಬೇಕಾದ ಮಾತು. ನಮ್ಮ ಸೀಮೆಯಲ್ಲಿ ಮಳೆ ಕಡಿಮೆ. ಬಂದ ಮಳೆಯೂ ನಡುವೆ ಎರಡು ಮೂರು ವಾರ ಕೈಕೊಡುತ್ತದೆ. ತುಂಗಭದ್ರಾ ಕೆಳಮಟ್ಟದ ಕಾಲುವೆಯ ನೀರು ಸಿಗುವ ಹೊಲಗಳವರ ಮಾತು ಬೇರೆ. ಉಳಿದವರು ಆಕಾಶ ನೋಡುವುದಕ್ಕೆ ಮೊದಲು ಎಲೆ ನೋಡುವುದು ಒಳ್ಳೆಯದು.

ನೀರಿನ ಕೊರತೆಯಾದಾಗ ಶೇಂಗಾ ಗಿಡ ಉರಿಬಿಸಿಲಿನಲ್ಲಿ ತನ್ನ ಚಿಕ್ಕ ಎಲೆಗಳನ್ನು ಮೇಲಕ್ಕೆ ಮಡಚಿ, ಅಂಚನ್ನು ಸೂರ್ಯನ ಕಡೆಗೆ ಮಾಡಿಕೊಳ್ಳುತ್ತದೆ. ಬಿಸಿಲು ಎಲೆಯ ಮುಖಕ್ಕೆ ಬೀಳದೆ ಜಾರಿಹೋಗುತ್ತದೆ. ಎಲೆ ಕಾಯುವುದು ಕಡಿಮೆ, ನೀರು ಆವಿಯಾಗುವುದೂ ಕಡಿಮೆ. ತೊಗರಿಯೂ ಹೀಗೆ ಮಾಡುತ್ತದೆ. ಹತ್ತಿಯ ನಡತೆ ಮಾತ್ರ ಬೇರೆ. ಅದರ ಎಲೆಯ ತೊಟ್ಟಿನ ತುದಿಯಲ್ಲಿಯೂ ದಿಂಬಿದೆ, ಆದರೆ ನೀರಿದ್ದಾಗ ಅದು ಎಲೆಯನ್ನು ಸೂರ್ಯನ ಕಡೆಗೇ ತಿರುಗಿಸುತ್ತಿರುತ್ತದೆ. ಬೆಳಿಗ್ಗೆ ಪೂರ್ವಕ್ಕೆ, ಸಂಜೆ ಪಶ್ಚಿಮಕ್ಕೆ ಮುಖಮಾಡಿ ನಿಂತ ಹತ್ತಿ ಎಲೆಗಳನ್ನು ನೀವು ನೋಡಿರುತ್ತೀರಿ.

ಆದುದರಿಂದ ಮಧ್ಯಾಹ್ನ ಎರಡು ಗಂಟೆಗೆ ಶೇಂಗಾ ಎಲೆ ಮಡಚಿದ್ದನ್ನು ನೋಡಿ ಬೆಳೆ ಹೋಯಿತೆಂದು ತಲೆಯ ಮೇಲೆ ಕೈಹೊತ್ತು ಕೂರಬೇಕಾಗಿಲ್ಲ. ದಿಂಬು ತನ್ನ ಕೆಲಸ ಮಾಡುತ್ತಿದೆ. ಸಂಜೆ ಬಿಸಿಲು ಇಳಿದ ಮೇಲೆ, ಕತ್ತಲಾಗುವ ಮೊದಲು ಒಮ್ಮೆ ನೋಡಿ. ಎಲೆ ಬಿಚ್ಚಿದ್ದರೆ ಬೇರಿಗೆ ಇನ್ನೂ ನೀರು ಸಿಗುತ್ತಿದೆ. ಮಾರನೆಯ ದಿನ ಸೂರ್ಯ ಮೇಲೇರಿ ಎಂಟು ಗಂಟೆಯಾದರೂ ಎಲೆ ಸರಿಯಾಗಿ ಬಿಚ್ಚದೆ ಜೋಲುಬಿದ್ದಿದ್ದರೆ, ರಾತ್ರಿಯೆಲ್ಲ ಬೇರು ಎಳೆದರೂ ದಿಂಬಿನ ಕೋಶಗಳು ತುಂಬಲಿಲ್ಲ ಎಂದು ತಿಳಿಯಬೇಕು. ಅದು ಅಪಾಯದ ಗುರುತು. ಕೆಂಪುಮಣ್ಣಿನ ಹೊಲದಲ್ಲಿ ಈ ಗುರುತು ಬೇಗ ಕಾಣಿಸುತ್ತದೆ, ಕಪ್ಪುಮಣ್ಣಿನಲ್ಲಿ ತಡವಾಗಿ.

ಯಾವ ವಯಸ್ಸಿನ ಬೆಳೆ ಎಂಬುದೂ ಮುಖ್ಯ. ಬಿತ್ತಿದ ಮೊದಲ ಮೂರು ನಾಲ್ಕು ವಾರ ಶೇಂಗಾ ಸ್ವಲ್ಪ ಬಾಯಾರಿಕೆಯನ್ನು ತಾಳಿಕೊಳ್ಳುತ್ತದೆ. ಹೂವು ತುಂಬಿ, ಹೂವಿನ ಬುಡದಿಂದ ಸೂಜಿಯಂತೆ ಮಣ್ಣಿಗೆ ಇಳಿಯುವ ಕಡ್ಡಿಗಳು, ತೆಲುಗಿನಲ್ಲಿ ಊಡಲು ಎನ್ನುತ್ತಾರಲ್ಲ, ಅವು ಇಳಿಯುವ ಹೊತ್ತಿಗೆ ಮತ್ತು ಕಾಯಿ ತುಂಬುವಾಗ ತಾಳುವುದಿಲ್ಲ. ಮಣ್ಣು ಒಣಗಿ ಗಟ್ಟಿಯಾದರೆ ಆ ಕಡ್ಡಿ ಒಳಗೆ ಇಳಿಯುವುದೇ ಕಷ್ಟ. ಕೃಷಿಹೊಂಡದಲ್ಲಿ, ಬೋರಿನಲ್ಲಿ ಒಂದೇ ಒಂದು ಸಲಕ್ಕಾಗುವಷ್ಟು ನೀರಿದ್ದರೆ ಅದನ್ನು ಈ ಹೊತ್ತಿಗೆ ಉಳಿಸಿಕೊಳ್ಳುವುದು ಜಾಣತನ. ಅದಕ್ಕೆ ಮೊದಲಿನ ದಿನಗಳಲ್ಲಿ ಎಡೆಕುಂಟೆ ಹೊಡೆದು ಕಳೆ ತೆಗೆದು ಮೇಲ್ಮಣ್ಣನ್ನು ಸಡಿಲ ಮಾಡಿಟ್ಟರೆ ತೇವ ಉಳಿಯುತ್ತದೆ. ಕಡ್ಡಿ ಇಳಿದ ಮೇಲೆ ಕುಂಟೆ ಹೊಡೆಯಲೇಬಾರದು, ಹೊಡೆದರೆ ಕಾಯನ್ನೇ ಕಿತ್ತಂತೆ.

ಒಂದು ಎಚ್ಚರಿಕೆ. ಎಲೆ ಜೋಲುಬಿದ್ದುದಕ್ಕೆಲ್ಲ ನೀರಿನ ಕೊರತೆಯೇ ಕಾರಣವೆಂದು ತಿಳಿಯಬಾರದು. ಹೊಲವೆಲ್ಲ ಒಂದೇ ಸಮನೆ ಬಾಡಿದ್ದರೆ ನೀರು. ಅಲ್ಲೊಂದು ಇಲ್ಲೊಂದು ತೊಗರಿ ಗಿಡ ಮಾತ್ರ, ಮಣ್ಣಿನಲ್ಲಿ ತೇವವಿದ್ದರೂ, ಬಾಡಿ ಮುಂಜಾನೆಗೂ ಚೇತರಿಸದಿದ್ದರೆ ಅದು ಸೊರಗು ರೋಗವಿರಬಹುದು. ಗಿಡ ಕಿತ್ತು ಕಾಂಡವನ್ನು ಉದ್ದಕ್ಕೆ ಸೀಳಿ ನೋಡಿ. ತೊಗಟೆಯ ಒಳಗೆ ಕಂದು ಅಥವಾ ಕಪ್ಪು ಗೆರೆಗಳು ಕಂಡರೆ ಬೂಷ್ಟು ನೀರಿನ ನಾಳಗಳನ್ನು ಕಟ್ಟಿಬಿಟ್ಟಿದೆ. ನೀರು ಹಾಯಿಸಿ ಪ್ರಯೋಜನವಿಲ್ಲ. ಅಂಥ ಹೊಲದಲ್ಲಿ ಮುಂದಿನ ವರ್ಷ ತೊಗರಿ ಬಿಟ್ಟು ಜೋಳ ಹಾಕಿ. ತೊಗರಿಯೇ ಬೇಕಾದರೆ ಆಶಾ, ಮಾರುತಿ ಮುಂತಾದ ಸೊರಗು ತಾಳುವ ತಳಿಗಳನ್ನು ಆರಿಸಿಕೊಳ್ಳಿ. ಸಂಶಯವಿದ್ದರೆ ಗಿಡವನ್ನು ಬೇರುಸಮೇತ ಬನವಾಸಿಯ ಕೃಷಿ ವಿಜ್ಞಾನ ಕೇಂದ್ರಕ್ಕೆ ಒಯ್ದು ತೋರಿಸಬಹುದು. ಕೇಂದ್ರ ಎಮ್ಮಿಗನೂರಿನ ಹತ್ತಿರವೇ ಇದೆ. ಬರಿಯ ಎಲೆಯನ್ನು ಕವರಿನಲ್ಲಿ ಹಾಕಿಕೊಂಡು ಹೋಗಿ ರೋಗ ಹೇಳಿರೆಂದರೆ ಯಾರು ತಾನೆ ಹೇಳಿಯಾರು?

ಜೋಳದ ಗಣ್ಣಿನಲ್ಲಿಯೂ ಒಂದು ದಿಂಬಿದೆ. ಗಾಳಿಮಳೆಗೆ ಎಳೆಯ ಜೋಳ ನೆಲಕ್ಕೆ ಒರಗಿದರೆ ಕೆಲವು ದಿನಗಳಲ್ಲಿ ತುದಿ ತಾನಾಗಿ ಮೇಲಕ್ಕೆ ಬಾಗಿ ನಿಲ್ಲುತ್ತದೆ. ಗಣ್ಣಿನ ಉಬ್ಬಿನಲ್ಲಿ ಕೆಳಬದಿಯ ಕೋಶಗಳು ಹೆಚ್ಚು ಉದ್ದ ಬೆಳೆದು ಕಾಂಡವನ್ನು ಎತ್ತುತ್ತವೆ. ಇದೂ ಪಲ್ವೈನಸ್ಸೇ, ಆದರೆ ಶೇಂಗಾದ ದಿಂಬು ದಿನವೂ ತುಂಬಿ ಇಳಿಯುವಂಥದು, ಜೋಳದ್ದು ಒಮ್ಮೆ ಬೆಳೆದರೆ ಆಯಿತು, ಹಿಂದಕ್ಕೆ ಬರುವುದಿಲ್ಲ. ಎಳೆಯ ಬೆಳೆ ಒರಗಿದಾಗ ಅವಸರಪಟ್ಟು ಎಳೆದು ನಿಲ್ಲಿಸಲು ಹೋದರೆ ಉಳಿದ ಬೇರೂ ಹರಿಯುತ್ತದೆ. ನಾಲ್ಕು ದಿನ ಬಿಟ್ಟು ನೋಡಿ. ತೆನೆ ಬಲಿತ ಮೇಲೆ ಬಿದ್ದರೆ ಮಾತ್ರ ಗಣ್ಣಿಗೆ ಆ ಶಕ್ತಿ ಇರುವುದಿಲ್ಲ.

ಹುಳದ ದಿಂಬು, ನೊಣದ ಪಾದ

ಬೇವಿನ ಎಳೆಕೊಂಬೆಗಳ ಮೇಲೆ ಕೆಲವು ವರ್ಷ ಬಿಳಿ ಹತ್ತಿಯ ಸಣ್ಣ ಸಣ್ಣ ಉಂಡೆ ಅಂಟಿದಂತೆ ಕಾಣುತ್ತದೆ. ಇದು ‘ಪಲ್ವಿನೇರಿಯಾ’ ಎಂಬ ಕುಲದ ಶಲ್ಕಕೀಟವಿರಬಹುದು. ಹೆಣ್ಣುಹುಳ ತನ್ನ ಹಿಂದೆ ಮೇಣದ ನೂಲಿನ ದಿಂಬು ಕಟ್ಟಿ ಅದರೊಳಗೆ ಮೊಟ್ಟೆಯಿಡುತ್ತದೆ. ಆ ದಿಂಬಿನಿಂದಲೇ ಹೆಸರು. ಬೇವಿನ ಮರಕ್ಕೆ ಇದರಿಂದ ಸಾಮಾನ್ಯವಾಗಿ ಪ್ರಾಣಾಪಾಯವಿಲ್ಲ. ಗುಲಗಂಜಿ ಹುಳಗಳು ಬಂದು ತಿನ್ನುತ್ತವೆ. ಇದರ ದೂರದ ಬಂಧುವಾದ ಇನ್ನೊಂದು ಕೀಟಕ್ಕೆ ಇಂಗ್ಲಿಷಿನಲ್ಲಿ ಹತ್ತಿದಿಂಬಿನ ಶಲ್ಕಕೀಟವೆಂದೇ ಹೆಸರು. ಅದು ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ ಕಿತ್ತಳೆ ತೋಟಗಳನ್ನು ಹಾಳುಮಾಡುತ್ತಿದ್ದಾಗ 1888–89ರಲ್ಲಿ ಆಸ್ಟ್ರೇಲಿಯಾದಿಂದ ಒಂದು ಜಾತಿಯ ಗುಲಗಂಜಿ ಹುಳ ತಂದು ಬಿಟ್ಟರು. ಔಷಧಿಗೆ ಬಗ್ಗದ ಕೀಟ ಆ ಹುಳಕ್ಕೆ ಬಗ್ಗಿತು. ಹುಳದಿಂದ ಹುಳವನ್ನು ಹತೋಟಿ ಮಾಡುವ ವಿದ್ಯೆಗೆ ಜಗತ್ತಿನಲ್ಲಿಯೇ ಇದು ದೊಡ್ಡ ಉದಾಹರಣೆ. ಗುಲಗಂಜಿ ಹುಳ ಕಂಡ ಕೂಡಲೇ ಔಷಧಿ ಡಬ್ಬಿ ಹೆಗಲಿಗೇರಿಸುವವರು ಇದನ್ನು ನೆನೆಯಬೇಕು.

‘ಪುಲ್ವಿನುಸ್’ ಎಂಬುದರ ಚಿಕ್ಕ ರೂಪ ‘ಪುಲ್ವಿಲ್ಲುಸ್’, ಪುಟ್ಟ ದಿಂಬು. ಇಂಗ್ಲಿಷಿನಲ್ಲಿ ‘ಪಲ್ವಿಲ್ಲಸ್’. ಮನೆನೊಣದ ಆರು ಪಾದಗಳಲ್ಲಿಯೂ ಉಗುರಿನ ಕೆಳಗೆ ಇಂಥ ಎರಡೆರಡು ಪುಟ್ಟ ದಿಂಬುಗಳಿವೆ. ಅವುಗಳ ತುಂಬ ಸಣ್ಣ ಕೂದಲು, ಕೂದಲ ತುದಿಯಲ್ಲಿ ಅಂಟು ಜಿನುಗು. ನೊಣ ಗಾಜಿನ ಮೇಲೆ ನಡೆಯುವುದೂ ಮಾಳಿಗೆಗೆ ತಲೆಕೆಳಗಾಗಿ ಅಂಟುವುದೂ ಇದರಿಂದಲೇ. ತಿಪ್ಪೆಯ ಮೇಲೆ, ಮಲದ ಮೇಲೆ ಕುಳಿತಾಗ ರೋಗಾಣುಗಳು ಅಂಟುವುದೂ ಆ ಕೂದಲಿಗೇ. ಅಲ್ಲಿಂದ ಎದ್ದು ಮಗುವಿನ ಅನ್ನದ ತಟ್ಟೆಗೆ ಬಂದು ಕುಳಿತರೆ ಮುಂದಿನದು ಭೇದಿ. ತಿಪ್ಪೆಗುಂಡಿ ಮನೆಯಿಂದ ದೂರವಿರಲಿ, ಅನ್ನಕ್ಕೆ ಮುಚ್ಚಳವಿರಲಿ ಎಂದು ಹೇಳುವುದು ಹಳೆಯ ಮಾತೇ, ಆದರೆ ಆ ಪಾದವನ್ನು ಕಾಲೇಜಿನ ಸೂಕ್ಷ್ಮದರ್ಶಕದಲ್ಲಿ ಒಮ್ಮೆ ನೋಡಿದ ಹುಡುಗಿ ಮನೆಯವರಿಗೆ ಎರಡನೆಯ ಸಲ ಹೇಳಿಸಿಕೊಳ್ಳುವುದಿಲ್ಲ. ಅದೇ ಪ್ರಯೋಗಾಲಯದಲ್ಲಿ ಬ್ಯಾಕ್ಟೀರಿಯಾ ಬೆಳೆಸಿದ ತಟ್ಟೆಯಲ್ಲಿ ಎತ್ತರಕ್ಕೆ ಉಬ್ಬಿದ ಗುಂಪನ್ನು ‘ಪಲ್ವಿನೇಟ್ ಕಾಲೊನಿ’ ಎಂದು ಬರೆಯುತ್ತಾರೆ. ಚಪ್ಪಟೆ, ತುಸು ಎದ್ದದ್ದು, ಉಬ್ಬಿದ್ದು, ದಿಂಬಿನಂತಿದ್ದು ಎಂದು ಕ್ರಮವಾಗಿ ಹೇಳುವಾಗ ಇದು ಬರುತ್ತದೆ.

ಮೋಸದ ದಿಂಬು

ಪವಿತ್ರ ಗ್ರಂಥದಲ್ಲಿಯೂ ದಿಂಬಿದೆ. ಬಿರುಗಾಳಿಯೆದ್ದಾಗ ಪ್ರಭು ಯೇಸು ದೋಣಿಯಲ್ಲಿ ದಿಂಬಿನ ಮೇಲೆ ತಲೆಯಿಟ್ಟು ಮಲಗಿದ್ದರೆಂದು ಸಂತ ಮಾರ್ಕನ ಶುಭಸಂದೇಶದ ನಾಲ್ಕನೆಯ ಅಧ್ಯಾಯ ಹೇಳುತ್ತದೆ. ಲತೀನ್ ಬೈಬಲಿನಲ್ಲಿ ಅಲ್ಲಿ ತಲೆದಿಂಬಿಗೆ ಬೇರೆ ಪದ ಬಂದಿದೆ. ನಮ್ಮ ಪುಲ್ವಿಲ್ಲುಸ್ ಇರುವುದು ಪ್ರವಾದಿ ಯೆಜೆಕಿಯೇಲನ ಹದಿಮೂರನೆಯ ಅಧ್ಯಾಯದಲ್ಲಿ. ಜನರ ಮೊಣಕೈಗಳಿಗೆ ಪುಟ್ಟ ದಿಂಬು ಹೊಲಿದುಕೊಟ್ಟು ಅವರನ್ನು ಬಲೆಗೆ ಬೀಳಿಸುವವರನ್ನು ಪ್ರವಾದಿ ಗದರಿಸುವ ಭಾಗ ಅದು. ಹೊಸ ಅನುವಾದಗಳಲ್ಲಿ ಅದನ್ನು ಕೈಗೆ ಕಟ್ಟುವ ತಾಯಿತವೆಂಬ ಅರ್ಥದಲ್ಲಿ ಹೇಳಿದ್ದಾರೆ. ಸಂತ ಜೆರೋಮರ ಲತೀನಿನಲ್ಲಿ ದಿಂಬು. ಸುಖ ಕೊಟ್ಟಂತೆ ಕಂಡು ಕೆಡುಕು ಮಾಡುವ ದಿಂಬು ಎಂದ ಕೂಡಲೇ ನೆನಪಾಗುವುದು ನಮ್ಮ ಮನೆಗಳಲ್ಲಿ ಹಾಸಿಗೆ ಹಿಡಿದ ಹಿರಿಯರಿಗೆ ಕೆಳಗೆ ಇಡುವ ಸಿಂಬಿ.

ಲಕ್ವ ಹೊಡೆದವರು, ಸೊಂಟ ಮುರಿದವರು, ಬಹಳ ಕ್ಷೀಣರಾದವರು ಮಲಗಿದಲ್ಲಿಯೇ ಇದ್ದರೆ ಬೆನ್ನಿನ ಕೆಳಗೆ, ಸೊಂಟದ ಪಕ್ಕದಲ್ಲಿ, ಹಿಮ್ಮಡಿಯಲ್ಲಿ ಹಾಸಿಗೆ ಹುಣ್ಣಾಗುತ್ತದೆ. ಎಲುಬಿಗೂ ಹಾಸಿಗೆಗೂ ನಡುವೆ ಸಿಕ್ಕ ಮಾಂಸಕ್ಕೆ ರಕ್ತ ಹರಿಯದೆ ಅದು ಒಳಗಿನಿಂದ ಸಾಯುತ್ತದೆ. ಎಲೆಯ ದಿಂಬಿಗೆ ನೀರು ಹೇಗೋ ನಮ್ಮ ಚರ್ಮಕ್ಕೆ ರಕ್ತ ಹಾಗೆ. ಇದನ್ನು ತಪ್ಪಿಸಲೆಂದು ಬಟ್ಟೆ ಸುತ್ತಿ ಬಿಂದಿಗೆ ಹೊರುವ ಸಿಂಬಿಯಂತೆ ಮಾಡಿಯೋ, ಗಾಳಿ ತುಂಬಿದ ಟ್ಯೂಬನ್ನೋ ಕುಂಡೆಯ ಕೆಳಗೆ ಇಡುತ್ತಾರೆ. ನಡುವೆ ತೂತಿದೆ, ಹುಣ್ಣಿಗೆ ಏನೂ ತಾಗುವುದಿಲ್ಲ ಎಂಬ ನಂಬಿಕೆ. ಆಗುವುದು ಬೇರೆ. ದೇಹದ ಭಾರವೆಲ್ಲ ಸಿಂಬಿಯ ಅಂಚಿನ ಮೇಲೆ ಬಿದ್ದು ಸುತ್ತಲಿನ ರಕ್ತನಾಳಗಳು ಅಮುಕಿ, ನಡುವಿನ ಚರ್ಮಕ್ಕೆ ಬರುವ ಅಷ್ಟಿಷ್ಟು ರಕ್ತವೂ ನಿಲ್ಲುತ್ತದೆ. ಇಂಥ ಬಳೆಯಾಕಾರದ ದಿಂಬು ಬೇಡವೆಂದು ವೈದ್ಯರು ಈಗ ಸ್ಪಷ್ಟವಾಗಿ ಹೇಳುತ್ತಾರೆ. ಸಿಂಬಿ ಬಿಂದಿಗೆಗೆ ಸರಿ.

ಮಾಡಬೇಕಾದ್ದು ಕಷ್ಟವೇನಲ್ಲ, ತಾಳ್ಮೆ ಬೇಕು. ಸುಮಾರು ಎರಡು ಗಂಟೆಗೊಮ್ಮೆ ಮಗ್ಗುಲು ಬದಲಿಸಿ. ಪೂರಾ ಪಕ್ಕಕ್ಕೆ ಮಲಗಿಸಿದರೆ ಸೊಂಟದ ಎಲುಬಿನ ಮೇಲೆ ಭಾರ ಬೀಳುತ್ತದೆ. ಬೆನ್ನಿನ ಹಿಂದೆ ಒಂದು ದಿಂಬು ಇಟ್ಟು ಅರ್ಧ ವಾಲಿಸಿದಂತೆ ಮಲಗಿಸುವುದು ಮೇಲು. ಎಳೆದು ಸರಿಸಬಾರದು, ಇಬ್ಬರು ಸೇರಿ ದುಪ್ಪಟಿಯ ಸಮೇತ ಎತ್ತಿ ಸರಿಸಬೇಕು. ಹಾಸಿಗೆಯ ಹತ್ತಿ ಗಂಟುಕಟ್ಟಿದ್ದರೆ ಬಿಡಿಸಿ ಹಿಂಜಿಸಿ. ಹತ್ತಿಯ ಊರಿನವರಾದ ನಮಗೆ ಇದು ದೊಡ್ಡ ಖರ್ಚಲ್ಲ. ಮೇಲಿನ ಬಟ್ಟೆಯಲ್ಲಿ ಸುಕ್ಕು, ರೊಟ್ಟಿಯ ಚೂರು ಇರಬಾರದು. ಒದ್ದೆಯಾದರೆ ಕೂಡಲೇ ಬದಲಿಸಿ. ಗಾಳಿ ತುಂಬುವ ಹಾಸಿಗೆ ತರುವ ಶಕ್ತಿಯಿದ್ದವರು ತರಲಿ, ಆದರೆ ಅದು ಬಂದಿತೆಂದು ಮಗ್ಗುಲು ಬದಲಿಸುವುದನ್ನು ಬಿಡಬಾರದು.

ದಿನವೂ ಸ್ನಾನ ಮಾಡಿಸುವಾಗ ಎಲುಬು ಎದ್ದಿರುವ ಜಾಗಗಳನ್ನು ನೋಡಿ. ಕೆಂಪಾದ ಜಾಗವನ್ನು ಬೆರಳಿನಿಂದ ಒತ್ತಿ ಬಿಟ್ಟಾಗ ಬಣ್ಣ ಒಂದು ಕ್ಷಣ ಹೋಗಿ ಮತ್ತೆ ಬಂದರೆ ಇನ್ನೂ ರಕ್ತ ಓಡಾಡುತ್ತಿದೆ. ಒತ್ತಿದರೂ ಬಣ್ಣ ಹೋಗದಿದ್ದರೆ ಹುಣ್ಣು ಶುರುವಾಗಿದೆ. ನಮ್ಮಂಥ ಕಪ್ಪು ಮೈಬಣ್ಣದವರಲ್ಲಿ ಕೆಂಪು ಕಾಣುವುದಿಲ್ಲ. ಸುತ್ತಲಿನ ಚರ್ಮಕ್ಕಿಂತ ಆ ಜಾಗ ಬಿಸಿಯಾಗಿದೆಯೇ, ಗಟ್ಟಿಯಾಗಿದೆಯೇ, ಮುಟ್ಟಿದರೆ ಅವರು ಮುಖ ಕಿವುಚುತ್ತಾರೆಯೇ ಎಂದು ಕೈಯಿಂದಲೇ ತಿಳಿಯಬೇಕು. ಅಂಥ ಜಾಗವನ್ನು ಎಣ್ಣೆ ಹಚ್ಚಿ ತಿಕ್ಕುವುದು ಕೂಡದು. ತಿಕ್ಕಿದರೆ ಒಳಗಿನ ಮಾಂಸ ಇನ್ನೂ ಹರಿಯುತ್ತದೆ. ಬಾಯಿಬಿಟ್ಟ ಹುಣ್ಣಿಗೆ ಅರಿಶಿನ, ಪೌಡರು, ಸ್ಪಿರಿಟ್ ತುಂಬಬೇಡಿ. ಕಪ್ಪಾದರೆ, ವಾಸನೆ ಬಂದರೆ, ಜ್ವರ ಬಂದರೆ ಅದೇ ದಿನ ಆಸ್ಪತ್ರೆಗೆ. ಉಣ್ಣಲು ಮೊಟ್ಟೆ, ಬೇಳೆ, ಶೇಂಗಾ ಪುಡಿ, ಮಜ್ಜಿಗೆ ಕೊಡಿ. ಬರಿಯ ಗಂಜಿಯಿಂದ ಹುಣ್ಣು ಮಾಯುವುದಿಲ್ಲ. ಕಿಡ್ನಿಯ ತೊಂದರೆ ಇರುವವರಿಗೆ ಮಾತ್ರ ಎಷ್ಟು ಕೊಡಬೇಕೆಂದು ವೈದ್ಯರನ್ನು ಕೇಳಿ.

ಹಿಮ್ಮಡಿಯ ವಿಚಾರ ಬೇರೆಯಾಗಿಯೇ ಹೇಳಬೇಕು. ದೇವರು ನಮಗೆ ಕೊಟ್ಟ ದಿಂಬುಗಳಲ್ಲಿ ಅದೇ ಗಟ್ಟಿಮುಟ್ಟಾದದ್ದು. ಚರ್ಮದ ಕೆಳಗೆ ಜೇನುಗೂಡಿನಂಥ ಚಿಕ್ಕ ಚಿಕ್ಕ ಕೋಣೆಗಳಲ್ಲಿ ಕೊಬ್ಬು ತುಂಬಿದೆ. ಹೆಜ್ಜೆ ಇಟ್ಟಾಗ ಅದು ಅಮುಕಿ ಮತ್ತೆ ಉಬ್ಬುತ್ತದೆ. ವೈದ್ಯರು ಇದಕ್ಕೆ ಪಲ್ವಿನೇಟ್ ಎಂಬ ಪದ ಬಳಸುವುದಿಲ್ಲ, ಸುಮ್ಮನೆ ಪ್ಯಾಡ್ ಎನ್ನುತ್ತಾರೆ. ವಯಸ್ಸಾದಂತೆ ಈ ದಿಂಬು ತೆಳುವಾಗುತ್ತದೆ. ಸಕ್ಕರೆ ಕಾಯಿಲೆ ಬಹಳ ವರ್ಷದ್ದಾದರೆ, ಕುಷ್ಠರೋಗದಲ್ಲಿಯೂ, ಪಾದದ ನರಗಳು ಸತ್ತು ನೋವೇ ತಿಳಿಯುವುದಿಲ್ಲ. ವೆಲ್ಲೂರಿನಲ್ಲಿ 1946ರಿಂದ ಕೆಲಸ ಮಾಡಿದ ಡಾ. ಪಾಲ್ ಬ್ರಾಂಡ್ ಎಂಬ ಶಸ್ತ್ರವೈದ್ಯರು ಕುಷ್ಠರೋಗಿಗಳ ಪಾದದ ಹುಣ್ಣಿಗೆ ಕೊಳೆತ ಮಾಂಸ ಕಾರಣವಲ್ಲ, ನೋವಿಲ್ಲದ ಪಾದದ ಮೇಲೆ ಬೀಳುವ ಒತ್ತಡ ಕಾರಣ ಎಂದು ತೋರಿಸಿಕೊಟ್ಟರು. ಅವರೂ ಅವರ ಜೊತೆಯವರೂ ಮೆತ್ತನೆಯ ಮೈಕ್ರೋಸೆಲ್ಯುಲರ್ ರಬ್ಬರಿನ ಚಪ್ಪಲಿಯನ್ನು ರೂಢಿಗೆ ತಂದರು. ಎಂಸಿಆರ್ ಚಪ್ಪಲಿ ಎಂದು ಕೇಳಿದರೆ ಈಗಲೂ ಸಿಗುತ್ತದೆ. ಸಕ್ಕರೆ ಕಾಯಿಲೆಯಿದ್ದೂ ಬರಿಗಾಲಲ್ಲಿ ಹೊಲ ತಿರುಗುವ ಅಣ್ಣಂದಿರು, ಅಕ್ಕಂದಿರು ಇದನ್ನು ಹಾಕಿಕೊಳ್ಳಬೇಕು. ಹಾಕಿಕೊಳ್ಳುವ ಮೊದಲು ಕೈಯಿಂದ ಒಳಗೆ ತಡವಿ ಜಾಲಿಮುಳ್ಳು, ಕಲ್ಲು ಇವೆಯೇ ನೋಡಬೇಕು. ರಾತ್ರಿ ಮಲಗುವ ಮುಂಚೆ ಪಾದದ ಅಡಿಯನ್ನು ಕನ್ನಡಿಯಲ್ಲಿಯೋ ಮಕ್ಕಳಿಂದಲೋ ನೋಡಿಸಬೇಕು.

ಮಲಗಿದವರ ಹಿಮ್ಮಡಿಗೆ ಈ ದಿಂಬು ಸಾಲದು. ಹಿಮ್ಮಡಿಯ ಕೆಳಗೇ ಇನ್ನೊಂದು ದಿಂಬು ಇಟ್ಟರೂ ಪ್ರಯೋಜನವಿಲ್ಲ, ಅದೂ ಒತ್ತುತ್ತದೆ. ಮೊಣಕಾಲಿನ ಕೆಳಗಿನಿಂದ ಕಾಲ್ಮಣಿಯವರೆಗೆ, ಮೀನಖಂಡದ ಉದ್ದಕ್ಕೂ ದಿಂಬನ್ನು ಉದ್ದುದ್ದವಾಗಿ ಇಟ್ಟು, ಹಿಮ್ಮಡಿ ದಿಂಬಿನ ಆಚೆ ಗಾಳಿಯಲ್ಲಿ ತೇಲುವಂತೆ ಮಾಡಬೇಕು; ಮೊಣಕಾಲು ತುಸು ಬಾಗಿರಲಿ. ಹಿಮ್ಮಡಿಗೂ ಹಾಸಿಗೆಗೂ ನಡುವೆ ಒಂದು ಕಾಗದ ತೂರಿಸಿ ನೋಡಿ, ಸಲೀಸಾಗಿ ಈಚೆಯಿಂದ ಆಚೆ ಹೋಗಬೇಕು. ಭಾನುವಾರ ಪೂಜೆ ಮುಗಿದ ಮೇಲೆ ರೋಗಿಗಳ ಮನೆಗಳಿಗೆ ಪರಮಪ್ರಸಾದ ಒಯ್ಯುವವರು, ಮನೆಯವರ ಅಪ್ಪಣೆ ಪಡೆದು, ಹೊದಿಕೆಯ ತುದಿ ಸರಿಸಿ ಹಿಮ್ಮಡಿಗಳೆರಡನ್ನೂ ಒಮ್ಮೆ ನೋಡಿ ಬರಲಿ.